ನಾನು ಕೊಂದ ಮೀನು

೧೨ ಜುಲೈ ೧೯೩೪, ಗುರುವಾರ. ಗೋಕಾಕ.

ಇಂದೂ ಅದೇ ಮೀನಿನ ಕಥೆ. ಜ್ವರದಿಂದ ಮಲಗಿರುವ ಇವರಿಗೆ ಗಂಜಿ ಕುಡಿಸುವವಳು ನಾನು; ನಗಿಸುವವಳು ಮಾತ್ರ ದಡ್ಡಿ ಊರಿಂದ ಬಂದಿರುವ ಇವರ ಅಕ್ಕ ಕಾಶೆವ್ವ. ಏಳು ಸಮುದ್ರದಾಚೆ, ಬೆಳಕೇ ಇಳಿಯದ ಆಳದಲ್ಲಿ ಗುಡ್ಡದಂಥ ಮೀನಂತೆ. ಅದರ ಬೆನ್ನ ಮೇಲೆ ಜನ ಜೋಳ ಬಿತ್ತುತ್ತಾರಂತೆ. ಘಟಪ್ರಭೆ ಬಿಟ್ಟು ಬೇರೆ ನೀರನ್ನೇ ಕಾಣದವಳು!

ಸಂಜೆ ಅವಳು ಗುಡಿಗೆ ಹೋದಾಗ, "ಇವತ್ತಿನ ಕಥಿ ನಾ ಹೇಳ್ತೇನ್ರಿ" ಎಂದು ಇವರ ಪಕ್ಕದಲ್ಲಿ ಕೂತೆ. ಎರಡೇ ಮಾತಿನಲ್ಲಿ ಮೀನನ್ನು ಸಾಯಿಸಿಬಿಟ್ಟೆ.

"ಸತ್ತ ಹೋತ್ರಿ. ಕಥಿ ಮುಗೀತು."

ಇವರು, "ಇರಲಿ ಬಿಡು. ಅಕ್ಕಾ ಬಂದು ಎಬ್ಬಸ್ತಾಳ" ಎಂದರು.

ಎಬ್ಬಿಸಿಯೂ ಬಿಟ್ಟಳು. ಇವರ ನಗು ಅಡುಗೆಮನೆಯವರೆಗೂ ಕೇಳಿತು. ಹೊಟ್ಟೆ ಉರಿಯಿತು. ಹೇಗೆ ಎಬ್ಬಿಸಿದಳೆಂದು ಕೇಳುವ ಆಸೆಯೂ ಆಯಿತು. ಆದರೆ ಅವಳನ್ನು ಕೇಳುವುದೆಂದರೆ ಸೋತೆನೆಂದು ಒಪ್ಪಿಕೊಂಡಂತೆಯೇ.