ಕಣ್ಣಿಲ್ಲದ ಜೇಡ, ಎತ್ತಿದ ಪೊರಕೆ

ಅತ್ತೆಯವರಿಗೆ ಸೊಸೆ ನಾಗವೇಣಿಯ ಶರಣು. ನಿಮ್ಮ ಕಣ್ಣಿಗೆ ಪೊರೆ ಬಂದಿರುವುದರಿಂದ ಇದನ್ನು ನಾದಿನಿ ಸುಜಾತಾ ಓದಿ ಹೇಳಲಿ.

ಬಾಣಸವಾಡಿಯ ಒಂದು ಲ್ಯಾಬಿನಲ್ಲಿ ನನಗೆ ಕಸ ಗುಡಿಸುವ ಕೆಲಸ ಸಿಕ್ಕಿದೆ. ಮೊದಲ ದಿನವೇ ಕತ್ತಲೆ ಕೋಣೆಯೊಂದರಲ್ಲಿ, ಕಲ್ಲು ತುಂಬಿದ ಗಾಜಿನ ಪೆಟ್ಟಿಗೆಯೊಳಗೆ ಜೇಡರ ಬಲೆ ಕಂಡಿತು. ನೀವು ಕಲಿಸಿದಂತೆ ಪೊರಕೆ ಎತ್ತಿದೆ. ಲ್ಯಾಬಿನ ಶಿರೀನ್ ಮೇಡಂ ಓಡಿ ಬಂದು ಕೈ ಹಿಡಿದರು.

“ಗುಹೆಯಿಂದ ತಂದಿರೋ ಜೇಡ ರೀ ಅದು. ಕತ್ತಲಲ್ಲೇ ಬಾಳೋ ಜಾತಿ, ಕಣ್ಣೇ ಇಲ್ಲ. ಬಲೆ ಅಲುಗಾಡಿದ್ರೆ ಮಾತ್ರ ಅದಕ್ಕೆ ಏನಾದ್ರೂ ಗೊತ್ತಾಗೋದು.”

ಬಗ್ಗಿ ನೋಡಿದೆ. ಅಕ್ಕಿಕಾಳಿನಷ್ಟು ಬಿಳಿ ಜೇಡ. ಮುಖ ಒರೆಸಿಟ್ಟ ಹಾಗೆ ಬೋಳು. ಈಗ ಗುಹೆಯಂತೆ ತೇವವಿರಲೆಂದು ದಿನಕ್ಕೆರಡು ಸಲ ಕಲ್ಲಿಗೆ ನೀರು ಚಿಮುಕಿಸಿ, ಬಲೆ ಹರಿದಿಲ್ಲವೆಂದು ಪುಸ್ತಕದಲ್ಲಿ ಸಹಿ ಹಾಕುತ್ತೇನೆ. ಬಲೆಯ ವಿಷಯಕ್ಕೆ ಹನ್ನೆರಡು ವರ್ಷ ನಿಮ್ಮಿಂದ ಬೈಸಿಕೊಂಡವಳಿಗೆ ಬಲೆ ಕಾಯುವುದಕ್ಕೇ ಸಂಬಳ.

ಶಿವಾಜಿನಗರದ ಆಸ್ಪತ್ರೆಯಲ್ಲಿ ನಿಮ್ಮ ಆಪರೇಷನ್ನಿಗೆ ಹದಿನಾಲ್ಕನೇ ತಾರೀಖು ಕೊಟ್ಟಿದ್ದಾರೆ. ನಾಲ್ಕು ದಿನ ಮುಂಚೆಯೇ ಬಂದು ನಮ್ಮ ಮನೆಯಲ್ಲಿರಿ.

ಸುಜಾತಾ, ಇನ್ನು ಮುಂದಿನದನ್ನು ಅತ್ತೆಗೆ ಓದಬೇಡ. ಆಪರೇಷನ್ ಆದ ಮೇಲೆ ಅವರನ್ನು ಆಸ್ಪತ್ರೆಯಿಂದ ನೇರ ಊರಿಗೇ ಕರೆದುಕೊಂಡು ಹೋಗು. ನಮ್ಮ ಮನೆಯ ಮೂಲೆಮೂಲೆಗೂ ಬಲೆ ಕಟ್ಟಿದೆ. ಸದ್ಯಕ್ಕೆ ಅವರಿಗೆ ಕಾಣಿಸುವುದಿಲ್ಲ.