ಉಳಿದಿರುವ ಒಂದೇ ಪದ

ಗದಗ, ಫೆಬ್ರವರಿ ಮೂವತ್ತು, ೨೧೮೭

ನನಗಿಂತ ಎಷ್ಟೋ ತಲೆಮಾರು ಹಿಂದಿನ ನನ್ನ ಪ್ರೀತಿಯ ಹಿರಿಯರೇ,

ಹೌದು, ನಮ್ಮಲ್ಲಿ ಫೆಬ್ರವರಿಗೂ ಮೂವತ್ತು ದಿನ. ಕ್ಯಾಲೆಂಡರನ್ನಾದರೂ ತಿದ್ದಿದ್ದಾರೆ, ಉಳಿದದ್ದನ್ನು ತಿದ್ದಲು ಆಗಲಿಲ್ಲ. ನಾನು ಇಂಗ್ಲಿಷ್ ಶಾಲೆಯಲ್ಲಿ ಓದಿದವಳು. ನನ್ನ ಕನ್ನಡ ಅಡ್ಡಾದಿಡ್ಡಿ ಅನ್ನಿಸಿದರೆ, ನೀವು ಕೇಳದ ಪದಗಳು ಬಂದರೆ, ಮನ್ನಿಸಿ. ಹೊಸ ಮದುಮಗಳು ಬೇರೆ! ನನ್ನ ಗಂಡ ಮಹಾಂತನ ಹೆಸರು ಬರೆಯುವಾಗಲೂ ನಗು ಬರುತ್ತದೆ. ಅಷ್ಟು ಚೆಂದದ ಮನುಷ್ಯ, ಅಷ್ಟು ಕೆಟ್ಟದಾಗಿ ಹಾಡುವವನು, ಈ ಭೂಮಿಯ ಮೇಲೆ ಇನ್ನೊಬ್ಬನಿಲ್ಲ.

ನಿಮ್ಮ ಪಾಸ್‌ವರ್ಡು, ಎನ್‌ಕ್ರಿಪ್ಷನ್ನುಗಳೆಲ್ಲ ನನ್ನ ಮುತ್ತಜ್ಜಿಯ ಕಾಲದಲ್ಲೇ ಒಡೆದುಹೋದವು. ನೀವು ಬೀಗ ಹಾಕಿ ಕಳಿಸಿದ ಮೆಸೇಜುಗಳನ್ನು ಯಾರೋ ಕದ್ದು ಕೂಡಿಟ್ಟು, ಬೀಗ ಒಡೆಯುವ ಯಂತ್ರ ಬರುವವರೆಗೂ ಕಾದಿದ್ದರು. ಶಾಲೆಯಲ್ಲಿ ಅವನ್ನು ಓದಿ ನಕ್ಕಿದ್ದೇವೆ. ಬ್ಯಾಂಕಿನ ಬಾಗಿಲಿಗೆ ನಾಯಿಯ ಹೆಸರನ್ನು ಬೀಗವಾಗಿ ಇಟ್ಟಿದ್ದಿರಲ್ಲ! ಈಗ ನಗು ಬರುವುದಿಲ್ಲ. ನಮ್ಮ ತಂತಿಗಳಲ್ಲಿ ಯಾವ ಬೀಗವೂ ಸಂಜೆಯವರೆಗೆ ನಿಲ್ಲುವುದಿಲ್ಲ. ಮುಖವನ್ನೂ ದನಿಯನ್ನೂ ಯಂತ್ರಗಳು ಅಂಗಿಯಂತೆ ತೊಡುತ್ತವೆ. ಅವಕ್ಕೆ ನಾವು ಕಳ್ಳದನಿ ಎನ್ನುತ್ತೇವೆ. ಬದುಕಿರುವವನ ದನಿ ತೊಟ್ಟರೆ, ಅವನೇ ಕರೆ ಮಾಡಿದಾಗ ಸಿಕ್ಕಿಬೀಳುತ್ತವೆ. ಅದಕ್ಕೇ ಸತ್ತವರ ದನಿಯನ್ನೇ ತೊಟ್ಟು ಬಂದು, ಮಾತಾಡುತ್ತ ಮಾತಾಡುತ್ತ ಮನೆಯ ಗುಟ್ಟುಗಳನ್ನು ಕೇಳಿ ತಿಳಿದುಕೊಳ್ಳುತ್ತವೆ.

ಆದ್ದರಿಂದ ನಮ್ಮಲ್ಲಿ ಮದುವೆಯ ಮರುದಿನ ಕಿವಿಗಂಟು ಎಂಬ ಶಾಸ್ತ್ರವಿದೆ. ಯಾವ ಯಂತ್ರವೂ ಇಲ್ಲದ ಕೋಣೆಯಲ್ಲಿ ಗಂಡ ಹೆಂಡತಿ ಒಂದೇ ಕಂಬಳಿ ಹೊದ್ದು ಕುಳಿತು, ಒಬ್ಬರ ಕಿವಿಯಲ್ಲಿ ಒಬ್ಬರು ಪದಗಳನ್ನು ಹೇಳಿ ಬಾಯಿಪಾಠ ಮಾಡಬೇಕು. ಮುಂದೆ ದೂರದಿಂದ ಕರೆ ಮಾಡಿದವರು ಮೊದಲು ಸಾಲಿನ ಮುಂದಿನ ಪದ ಹೇಳಬೇಕು. ಹೇಳಿದ ಪದ ಊರಿಗೆಲ್ಲ ಕೇಳಿಸುವುದರಿಂದ ಅಲ್ಲಿಗೆ ಸತ್ತಂತೆ. ಹೊಸದನ್ನು ತಂತಿಯಲ್ಲಿ ಕಳಿಸಲಾಗದು. ಮತ್ತೆ ಕಿವಿಗೆ ಬಾಯಿ ತಾಗಬೇಕು. ನಾವು ಹುಣಸೆಬೀಜ, ಅತ್ತೆಯ ಗೊರಕೆ, ಸುಟ್ಟ ರೊಟ್ಟಿ ಎಂದೆಲ್ಲ ಕಟ್ಟಿ, ಕಂಬಳಿಯೊಳಗೆ ಬೆವರಿ ಬಿದ್ದುಬಿದ್ದು ನಕ್ಕೆವು.

ಆಮೇಲೆ ಮಹಾಂತ ದಕ್ಷಿಣ ಧ್ರುವದ ಹಿಮಗಣಿಗೆ ಹೋದ. ಕುಡಿಯುವ ನೀರು ಈಗ ಅಲ್ಲಿಂದಲೇ ಬರುವುದು. ಹೋದವರು ವರ್ಷಗಟ್ಟಲೆ ತಿರುಗಿ ಬರುವುದಿಲ್ಲ. ಅದಕ್ಕೇ ತಿಂಗಳಿಗೊಂದು ಪದ ಖರ್ಚು ಮಾಡಿ ಎಂದು ಹಿರಿಯರು ಹೇಳಿದ್ದರು. ನಾವು ಕೇಳಿದೆವೇ? ಬೆಳಗ್ಗೆ ಚಹಾಕ್ಕೆ ಒಂದು ಕರೆ, ಮಧ್ಯಾಹ್ನ ಸುಮ್ಮನೆ ಒಂದು, ಸಂಜೆ ಜಗಳಕ್ಕೆ, ಮತ್ತೆ ರಾಜಿಗೆ! ಪಕ್ಕದ ಮನೆಯ ಗುರವ್ವ ಅಂಗಳದಿಂದ ಕೂಗುತ್ತಿದ್ದಳು: "ಏ ಗಂಗಾ, ಸ್ವಲ್ಪ ಉಳಿಸ್ಕೊಳವ್ವಾ! ಪದಾ ತೀರಿದ ಮ್ಯಾಲ ಏನ್ ಮಾಡ್ತಿ?"

"ತೀರೂದ್ರಾಗ ಬಂದ್ಬಿಡ್ತಾರ ಬಿಡ್ರೀ ಚಿಗವ್ವಾ!"

"ನಾನೂ ಹಂಗ ಅಂದಿದ್ದೆ ನೋಡು" ಎಂದು ಅವಳು ಒಳಗೆ ಹೋಗುತ್ತಿದ್ದಳು. ಅವಳ ಗಂಡ ಗಣಿಯಲ್ಲಿ ತೀರಿಹೋದ ಮೇಲೂ ಅವನ ದನಿ ವರ್ಷಗಳವರೆಗೆ ಅವಳ ಜೊತೆ ಮಾತಾಡಿತ್ತು. ಸಾವಿನ ಸುದ್ದಿ ತಂದ ಮೆಸೇಜನ್ನು ಅವಳು ಸುಳ್ಳೆಂದು ಅಳಿಸಿದ್ದಳು. ನಮ್ಮಲ್ಲಿ ಅಂಥ ಸುಳ್ಳು ಸುದ್ದಿಗಳೂ ಬೇಕಾದಷ್ಟು.

ಈಗ ನಮ್ಮ ಗಂಟಿನಲ್ಲಿ ಒಂದೇ ಪದ ಉಳಿದಿದೆ. ಅದನ್ನು ಇಲ್ಲಿ ಬರೆಯಲಾರೆ.

ಕೆಲವು ದಿನಗಳಿಂದ ಸಂಜೆಯ ಕರೆಯಲ್ಲಿ ಅವನು ಪದ ಹೇಳುವುದಿಲ್ಲ. ಅದೇ ನಗು, ಅದೇ ಅಪಸ್ವರದ ಹಾಡು. ಕೊನೆಯದನ್ನು ಜೋಪಾನ ಮಾಡುತ್ತಿದ್ದಾನೆ, ಅಷ್ಟೇ. ಇಲ್ಲವೇ, ಅದು ಅವನಲ್ಲ. "ಹೇಳು" ಎಂದು ಒಂದು ಮಾತು ಕೇಳಿದರೆ ನನ್ನ ಮಹಾಂತ ಬದುಕಿದ್ದಾನೋ ಇಲ್ಲವೋ ತಿಳಿದುಹೋಗುತ್ತದೆ. ಅದಕ್ಕೇ ಕೇಳುವುದಿಲ್ಲ.

ಹಿರಿಯರೇ, ನಿಮ್ಮ ಬೀಗಗಳು ಗಟ್ಟಿಯಿವೆ ಎಂದು ಎಲ್ಲವನ್ನೂ ಅವುಗಳ ಹಿಂದೆ ಇಟ್ಟು ಮೈಮರೆಯಬೇಡಿ. ನಿಮ್ಮವರು ಹತ್ತಿರವಿರುವಾಗಲೇ ಅವರ ಕಿವಿಯಲ್ಲಿ ಹೇಳಬೇಕಾದದ್ದನ್ನು ಹೇಳಿಬಿಡಿ. ನಮಗಾಗಿ ಏನೂ ಮಾಡಬೇಡಿ. ನಮ್ಮ ಕಾಲಕ್ಕೆ ಅದು ತಲುಪುವುದಿಲ್ಲ.

ಕರೆ ಬರುತ್ತಿದೆ. ಇವತ್ತು ಮಾಡಿದ ಬದನೆಕಾಯಿ ಎಣ್ಣೆಗಾಯಿಯ ಬಗ್ಗೆ ಹೇಳಬೇಕು. ಅದು ಯಾರೇ ಆಗಿರಲಿ, ಮೆಚ್ಚಿಕೊಳ್ಳುತ್ತಾರೆ.

ನಿಮ್ಮ,
ಗಂಗಾಂಬಿಕೆ