ಸಣಕಲ ಪೊಲೀಸ್, ದಪ್ಪ ಪೊಲೀಸ್

ಲೋ ಡುಮ್ಮ,

ಇವತ್ತು ನಾನು ಕೆಲಸ ಮಾಡುವ ಗ್ಯಾರೇಜಿನ ಟೀವಿಯಲ್ಲಿ ನಮ್ಮ ಇಬ್ಬರು ಪೊಲೀಸರ ಸಿನಿಮಾದ ಎರಡನೆಯ ಭಾಗ ಬಂತು. ಜೀಪು ಓಡುವ ರೈಲಿನ ಮೇಲಿಂದ ಹಾರಿತು.

"ಅಷ್ಟೆತ್ತರದಿಂದ ಬಿದ್ರೆ ಆಕ್ಸಲ್ ಪುಡಿಪುಡಿ ಕಣೋ. ಬರೀ ಬುರುಡೆ!" ಎಂದರು ಮೇಸ್ತ್ರಿ. ಬುರುಡೆಯೇ, ನಾನೂ ಒಪ್ಪಿದೆ.

ಆಮೇಲೆ ಸಣಕಲ ಪೊಲೀಸ್ ಹೆಲಿಕಾಪ್ಟರಿನಿಂದ ದಪ್ಪನವನ ಕೈ ಹಿಡಿದು ಜೋತುಬಿದ್ದ. ಅಂದು ಇದೇ ಭಾಗವನ್ನು ಥಿಯೇಟರಿನಲ್ಲಿ ನಾವಿಬ್ಬರೂ ನೋಡುತ್ತಾ ಸೀಟಿನ ಮೇಲೆ ನಿಂತು ಕೂಗುವಾಗ ಅವನ ಮಾತು ನನ್ನದು, ದಪ್ಪನವನದು ನಿನ್ನದು. "ಕೈ ಬಿಡೋ, ಇಬ್ರೂ ಸಾಯ್ತೀವಿ!" ಎಂದು ಇವತ್ತೂ ಕೂಗಿ, ನಿನ್ನ ಉತ್ತರಕ್ಕೆ ಕಾದೆ.

"ಯಾರಿಗೆ ಹೇಳ್ತಿದ್ದೀಯೋ?" ಮೇಸ್ತ್ರಿ ನಕ್ಕರು.

ನಾನು ಶಾಲೆ ಬಿಟ್ಟ ಮೇಲೆ ನೀನು ಮಾತು ಬಿಟ್ಟೆ. ಈ ಕಾಗದವನ್ನೂ ನಾನು ಕಳಿಸುವುದಿಲ್ಲ. ನಿಜ ಹೇಳಬೇಕೆಂದರೆ ಮೊದಲ ಭಾಗವೇ ಒಳ್ಳೆಯ ಸಿನಿಮಾ. ಆದರೆ ಅದನ್ನು ನಾನು ಒಬ್ಬನೇ ನೋಡಿದ್ದೆ.